ನೆಲಮಾಳಿಗೆಯ ಸುರುಳಿಗಳು

1926ರಲ್ಲಿ ಲೆನಿನ್‌ಗ್ರಾಡಿನ ನೆಲಮಾಳಿಗೆಗಳಲ್ಲಿ ತೇವಕ್ಕೆ ಸಿಕ್ಕಿ ಹಾಳಾಗುತ್ತಿದ್ದ ಚಲಚ್ಚಿತ್ರದ ಸುರುಳಿಗಳನ್ನು ಒಬ್ಬ ಮಹಿಳೆ ಎರಡು ತಿಂಗಳ ಕಾಲ ಒಂದೊಂದಾಗಿ ಬಿಡಿಸಿ ನೋಡಿದಳು. ಅವು ಚಕ್ರವರ್ತಿ ಎರಡನೆಯ ನಿಕೊಲಾಸನ ಕಾಲದ ಸುರುಳಿಗಳು. ಮೆರವಣಿಗೆ, ಸೈನ್ಯದ ಕವಾಯತು, ರಾಜಕುಟುಂಬದ ವಿಹಾರ ಮುಂತಾದುವನ್ನು ಅರಮನೆಯ ಛಾಯಾಗ್ರಾಹಕರೂ ವಾರ್ತಾಚಿತ್ರದವರೂ ಸೆರೆಹಿಡಿದಿದ್ದರು. ಆ ಮಹಿಳೆಯೇ ಎಸ್ಫೀರ್ ಷುಬ್.

ಆಕೆ ಹುಟ್ಟಿದ್ದು 1894ರಲ್ಲಿ, ಸುರಾಜ್ ಎಂಬ ಸಣ್ಣ ಊರಿನಲ್ಲಿ. ಮಾಸ್ಕೋದಲ್ಲಿ ಸಾಹಿತ್ಯವನ್ನು ವ್ಯಾಸಂಗಮಾಡಿ, ಕೆಲಕಾಲ ರಂಗಭೂಮಿಯ ಇಲಾಖೆಯಲ್ಲಿದ್ದು, 1922ರಲ್ಲಿ ಸರಕಾರದ ಚಲಚ್ಚಿತ್ರ ಸಂಸ್ಥೆಯನ್ನು ಸೇರಿದಳು. ಹೊರದೇಶದ ಚಿತ್ರಗಳನ್ನು ಕತ್ತರಿಸಿ, ಶೀರ್ಷಿಕೆಗಳನ್ನು ಬದಲಿಸಿ, ಹೊಸ ಆಳ್ವಿಕೆಗೆ ಒಪ್ಪುವಂತೆ ಮಾಡುವುದು ಅಲ್ಲಿ ಆಕೆಯ ಉದ್ಯೋಗ. ಒಂದೇ ದೃಶ್ಯವನ್ನು ಸ್ಥಳಾಂತರಿಸಿದರೆ ಅದರ ಅರ್ಥವೇ ಬೇರೆಯಾಗುವುದೆಂಬುದನ್ನು ಕೈಯಾರೆ ಕಂಡುಕೊಂಡಳು. 1924ರಲ್ಲಿ ಜರ್ಮನಿಯ ಫ್ರಿಟ್ಸ್ ಲಾಂಗನ ಚಿತ್ರವೊಂದನ್ನು ಹೀಗೆ ತಿದ್ದುತ್ತಿದ್ದಾಗ, ಇನ್ನೂ ಪೂರ್ಣ ಚಿತ್ರವೊಂದನ್ನೂ ತೆಗೆಯದಿದ್ದ ಐಸೆನ್‌ಸ್ಟೈನ್ ಆಕೆಯ ಪಕ್ಕದಲ್ಲಿ ಕುಳಿತು ಕೆಲಸ ಕಲಿತನು.

ಲೆನಿನ್‌ಗ್ರಾಡಿನಲ್ಲಿ ಆಕೆ ನೋಡಿದ್ದು ಸುಮಾರು 60,000 ಮೀಟರ್, ಆರಿಸಿದ್ದು 5,200, ಮುಗಿದ ಚಿತ್ರದಲ್ಲಿ ಉಳಿದದ್ದು ಸುಮಾರು 1,500. ಸಾಲದೆ ಬಂದ ಕೆಲವು ಭಾಗಗಳನ್ನು ಅಮೆರಿಕದಿಂದ ಕೊಂಡು ತರಿಸಬೇಕಾಯಿತು. 1927ರಲ್ಲಿ ‘ರೊಮಾನೊವ್ ವಂಶದ ಪತನ’ ತೆರೆಗೆ ಬಂದಿತು. ಹಡಗಿನ ಮೇಲಟ್ಟದಲ್ಲಿ ಕುಲೀನರು ನರ್ತಿಸಿ ಬೆವರುತ್ತಾರೆ. ಮರುಕ್ಷಣವೇ ದುಡಿಯುವವರ ಬೆವರು ಕಾಣುತ್ತದೆ. ವೈಭವವನ್ನು ಮೆರೆಸಲೆಂದು ಅರಸರ ಕಡೆಯವರು ತೆಗೆಸಿದ ಚಿತ್ರಗಳೇ ಅರಸೊತ್ತಿಗೆಯ ಮೇಲೆ ಸಾಕ್ಷಿ ನುಡಿದುವು.

ಓಲೆಗರಿಗಳನ್ನು ಪರಿಷ್ಕರಿಸುವ ನಮ್ಮ ವಿದ್ವಾಂಸರು ಹುಳು ತಿಂದ ಎಡೆಯನ್ನು ಖಾಲಿ ಬಿಡುವರೇ ಹೊರತು ಪದ್ಯಗಳನ್ನು ಹಿಂದುಮುಂದು ಮಾಡಲಾರರು. ಷುಬ್ ಹಿಂದುಮುಂದು ಮಾಡಿದಳು. ತನ್ನ ಪಕ್ಷವನ್ನು ಮುಚ್ಚಿಡಲೂ ಇಲ್ಲ. ಈ ದೃಷ್ಟಿಯಿಂದ ಆಕೆಯ ಚಿತ್ರವನ್ನು ಶುದ್ಧ ಇತಿಹಾಸವೆನ್ನುವಂತಿಲ್ಲ. ಆದರೂ ಪ್ರತಿಯೊಂದು ತುಣುಕನ್ನೂ ನೋಡುವವನ ಕಣ್ಣು ಅದರಲ್ಲಿ ತಂಗುವಷ್ಟು ಹೊತ್ತು ಉಳಿಸಿದಳು. ಆದ್ದರಿಂದಲೇ ಇಂದು ಆಕೆಯ ವಾದವನ್ನು ಒಪ್ಪದವನಿಗೂ ಆ ಮುಖಗಳು ಕಾಣಸಿಗುತ್ತವೆ.

ಕ್ಯಾಮರಾ ಹಿಡಿಯದವಳು ಕರ್ತೃ ಹೇಗಾದಾಳೆಂದು ಚಿತ್ರಸಂಸ್ಥೆ ಆಕೆಗೆ ಕರ್ತೃತ್ವದ ಹಕ್ಕನ್ನು ಕೊಡಲಿಲ್ಲ. ಕವಿ ಮಾಯಕೋವ್‌ಸ್ಕಿ ಅದೇ ವರ್ಷ ಸಭೆಯೊಂದರಲ್ಲಿ ಆಕೆಯ ಪರವಾಗಿ ದನಿಯೆತ್ತಿದನು. 1928ರಲ್ಲಿ, ಟಾಲ್‌ಸ್ಟಾಯ್ ಜನ್ಮಶತಾಬ್ದಿಗೆಂದು ಇನ್ನೊಂದು ಚಿತ್ರವನ್ನು ಕಟ್ಟಲು ಹೊರಟಾಗ ಆತನಿದ್ದ ಸುರುಳಿ ದೊರೆತದ್ದು ಅತ್ಯಲ್ಪ. ಆ ಅಲ್ಪದ ಸುತ್ತ ಆತನ ಕಾಲದ ರಷ್ಯವನ್ನೇ ಹೆಣೆದು ಚಿತ್ರವನ್ನು ಪೂರ್ಣಗೊಳಿಸಿದಳು.

ಮುಂದೆ ‘ಸ್ಪೇನ್’ ಮೊದಲಾದ ಚಿತ್ರಗಳು ಬಂದುವು. ಸ್ತ್ರೀಯರನ್ನು ಕುರಿತು ಬರೆದಿಟ್ಟಿದ್ದ ಚಿತ್ರಕಥೆಯೊಂದು ಮಾತ್ರ ಕಾಗದದಲ್ಲೇ ಉಳಿಯಿತು. ಆಕೆಯ ನೆನಪುಗಳ ಪುಸ್ತಕ ಅಚ್ಚಾದದ್ದು 1959ರಲ್ಲಿ; ಆ ವರ್ಷದ ಸೆಪ್ಟೆಂಬರಿನಲ್ಲಿ ಮಾಸ್ಕೋದಲ್ಲಿ ಆಕೆ ತೀರಿಕೊಂಡಳು.