ಕೈಚೆಲ್ಲದ ಇರೇನ್

ಮೇರಿ ಕ್ಯೂರಿಯವರ ಹೆಸರನ್ನು ನೀವು ಶಾಲೆಯ ಪಾಠಗಳಲ್ಲಿ ಓದಿರುತ್ತೀರಿ. ಅವರ ಹಿರಿಯ ಮಗಳು ಇರೇನ್ ಅವರನ್ನು ಬಲ್ಲವರು ಕಡಿಮೆ.

ಇರೇನ್ ಹುಟ್ಟಿದ್ದು 1897ರಲ್ಲಿ, ಪ್ಯಾರಿಸ್ ನಗರದಲ್ಲಿ. ಎಂಟು ವರ್ಷದವರಿದ್ದಾಗ ತಂದೆ ಪಿಯರ್ ಕುದುರೆಗಾಡಿಯ ಅಡಿ ಸಿಕ್ಕಿ ತೀರಿಕೊಂಡರು. ಮೊದಲ ಮಹಾಯುದ್ಧ ಬಂದಾಗ ಹದಿಹರೆಯದ ಈ ಹುಡುಗಿ ತಾಯಿಯೊಡನೆ ರಣರಂಗದ ಆಸ್ಪತ್ರೆಗಳಲ್ಲಿ ಎಕ್ಸ್‌-ರೇ ಯಂತ್ರ ನಡೆಸಿ ಗಾಯಾಳುಗಳ ಸೇವೆ ಮಾಡಿದರು. 1926ರಲ್ಲಿ ತಾಯಿಯ ಸಂಸ್ಥೆಯ ಸಹಾಯಕ ಫ್ರೆಡೆರಿಕ್ ಜೋಲಿಯೋ ಅವರ ಕೈಹಿಡಿದರು. ಪ್ರಯೋಗಾಲಯದಲ್ಲಿಯೂ ದಂಪತಿಗಳು ಜೊತೆಯಾಗಿಯೇ ದುಡಿದರು.

ಆದರೆ ದುಡಿದವರಿಗೆಲ್ಲ ಕೂಡಲೇ ಫಲ ಸಿಗುವುದಿಲ್ಲ. 1932ರಲ್ಲಿ ಅವರು ಕಂಡ ಕಿರಣದಲ್ಲಿದ್ದದ್ದು ನ್ಯೂಟ್ರಾನ್ ಎಂದು ಗುರುತಿಸಿದವರು ಇಂಗ್ಲೆಂಡಿನ ಚಾಡ್ವಿಕ್. ಪಾಸಿಟ್ರಾನ್ ಕಂಡುಹಿಡಿದ ಕೀರ್ತಿ ಅಮೆರಿಕದ ಆಂಡರ್ಸನ್ ಅವರ ಪಾಲಾಯಿತು. 1933ರ ಅಕ್ಟೋಬರಿನಲ್ಲಿ ಬ್ರಸೆಲ್ಸ್‌ನಲ್ಲಿ ಸೇರಿದ ವಿಜ್ಞಾನಿಗಳು ಇವರ ಪ್ರಯೋಗದ ಫಲಿತಾಂಶವನ್ನೇ ಸಂದೇಹಿಸಿದರು.

ದಂಪತಿಗಳು ಕೈಚೆಲ್ಲಿ ಕೂರಲಿಲ್ಲ. 1934ರ ಜನವರಿಯಲ್ಲಿ ಅಲ್ಯೂಮಿನಿಯಂ ಹಾಳೆಯ ಎದುರು ಪೊಲೋನಿಯಂ ಇಟ್ಟು, ಬಳಿಕ ಅದನ್ನು ತೆಗೆದರು. ಎಣಿಕೆಯ ಯಂತ್ರ ಮಾತ್ರ ಸದ್ದು ಮಾಡುತ್ತಲೇ ಇತ್ತು! ಯಂತ್ರ ಕೆಟ್ಟಿದೆಯೇ ಎಂದು ಸಹೋದ್ಯೋಗಿಯೊಬ್ಬರಿಂದ ಪರೀಕ್ಷಿಸಿದರು. ಅದು ಸರಿಯಾಗಿಯೇ ಇತ್ತು. ಅಲ್ಯೂಮಿನಿಯಂನ ಕೆಲವು ಪರಮಾಣುಗಳು ನಿಸರ್ಗದಲ್ಲಿ ಸಿಗದ ಹೊಸ ಬಗೆಯ ರಂಜಕವಾಗಿ ಮಾರ್ಪಟ್ಟಿದ್ದವು. ಸುಮಾರು ಎರಡೂವರೆ ನಿಮಿಷಗಳಲ್ಲಿ ಅದರ ಅರ್ಧಭಾಗ ಪಾಸಿಟ್ರಾನ್‌ಗಳನ್ನು ಹೊರಚೆಲ್ಲಿ ಸಿಲಿಕಾನ್ ಆಗುತ್ತಿತ್ತು. ಅಲ್ಲಿಯವರೆಗೆ ತಿಳಿದಿದ್ದ ಬೀಟಾ ಕ್ಷಯದಲ್ಲಿ ಹೊರಬರುತ್ತಿದ್ದುದು ಋಣ ವಿದ್ಯುತ್ತಿನ ಎಲೆಕ್ಟ್ರಾನ್; ಇಲ್ಲಿಯೋ, ಧನ ವಿದ್ಯುತ್ತಿನ ಪಾಸಿಟ್ರಾನ್. ವಿಕಿರಣ ಕ್ಷಯದ ಹೊಸದೊಂದು ಬಗೆ ಹೀಗೆ ಬೆಳಕಿಗೆ ಬಂತು. ಮನುಷ್ಯನೇ ವಿಕಿರಣಶೀಲ ವಸ್ತುವನ್ನು ತಯಾರಿಸಬಲ್ಲನೆಂಬುದೂ ತಿಳಿಯಿತು.

ಆ ವಸ್ತುವಿದ್ದ ಪುಟ್ಟ ಕೊಳವೆಯನ್ನು ಮೇರಿಯವರು ರೇಡಿಯಂನಿಂದ ಬೆಂದ ತಮ್ಮ ಬೆರಳುಗಳಲ್ಲಿ ಹಿಡಿದು ನೋಡಿ ಸಂತೋಷಪಟ್ಟರು. ಅದೇ ಜುಲೈಯಲ್ಲಿ ಅವರು ಕಣ್ಣುಮುಚ್ಚಿದರು. ಮಗಳು ಮತ್ತು ಅಳಿಯನಿಗೆ 1935ರಲ್ಲಿ ನೊಬೆಲ್ ಪ್ರಶಸ್ತಿ ಬಂದುದನ್ನು ಕಾಣುವ ಭಾಗ್ಯ ಆ ತಾಯಿಗೆ ಇರಲಿಲ್ಲ.

ಇರೇನ್ 1956ರಲ್ಲಿ ರಕ್ತದ ಕ್ಯಾನ್ಸರಿನಿಂದ ತೀರಿಕೊಂಡರು. ಇಂದು ದೊಡ್ಡ ಆಸ್ಪತ್ರೆಗಳಲ್ಲಿ ಕ್ಯಾನ್ಸರ್ ಪತ್ತೆಗೆ ಮಾಡುವ ಪೆಟ್ ಸ್ಕ್ಯಾನ್ ನಡೆಯುವುದು ಇದೇ ಪಾಸಿಟ್ರಾನ್ ಕ್ಷಯದ ನೆರವಿನಿಂದ. ಅವರ ಪ್ರಾಣ ತೆಗೆದ ರೋಗದೊಡನೆ ಅವರ ದುಡಿಮೆ ಇಂದಿಗೂ ಹೋರಾಡುತ್ತಿದೆ. ನಿಮ್ಮ ಮನೆಯ ಮಗುವೊಂದು ಪರೀಕ್ಷೆಯಲ್ಲಿ ಸೋತು ಬಂದ ದಿನ, ಇರೇನ್ ಅವರ ಈ ಕಥೆಯನ್ನು ಹೇಳಿರಿ.