ಬದರಿಯ ಹಿಮಶಿಖರಗಳೂ ಶ್ರೀಮಧ್ವಾಚಾರ್ಯರೂ

ಉಡುಪಿಯ ಆಗ್ನೇಯಕ್ಕೆ, ಕಾಪುವಿನ ಸೀಮೆಯಲ್ಲಿ, ಕುಂಜಾರುಗಿರಿ ಎಂಬ ಗುಡ್ಡವೊಂದಿದೆ. ನೆತ್ತಿಯಲ್ಲಿ ದುರ್ಗೆಯ ಗುಡಿ, ಬುಡದಲ್ಲಿ ಪಾಜಕ ಕ್ಷೇತ್ರ. ಗುಡ್ಡದ ಮೇಲೆ ನಿಂತವರಿಗೆ ಪಡುವಲಲ್ಲಿ ಕಡಲು, ಮೂಡಲಲ್ಲಿ ಕಾರ್ಕಳದಾಚೆಯ ಸಹ್ಯಾದ್ರಿಯ ನೀಲರೇಖೆ. ಬಹುಮಂದಿ ಇತಿಹಾಸಜ್ಞರ ಅಭಿಪ್ರಾಯದಂತೆ 1238ರಲ್ಲಿ, ಈ ಪಾಜಕದ ಮಧ್ಯಗೇಹ ಭಟ್ಟರ ಮನೆಯಲ್ಲಿ ವಾಸುದೇವನೆಂಬ ಬಾಲಕನು ಜನಿಸಿದನು. ಅಚ್ಯುತಪ್ರೇಕ್ಷರಿಂದ ಎಳವೆಯಲ್ಲಿಯೇ ಸಂನ್ಯಾಸ ಪಡೆದು ಪೂರ್ಣಪ್ರಜ್ಞರೆನಿಸಿ, ಮುಂದೆ ಆನಂದತೀರ್ಥರೆಂದೂ ಮಧ್ವಾಚಾರ್ಯರೆಂದೂ ಲೋಕವಿಖ್ಯಾತರಾದವರು ಇವರೇ. ಇವರ ದ್ವೈತಸಿದ್ಧಾಂತದ ಪರಿಚಯ ವಿದ್ವಜ್ಜನರಿಗೆ ಸಾಕಷ್ಟಿದೆ. ಆದರೆ ಕರಾವಳಿಯ ಈ ಯತಿಗಳ ಬಾಳಿನಲ್ಲಿ ಹಿಮಾಲಯದ ಒಂದು ದುರ್ಗಮ ಮೂಲೆಯು ಪಡೆದ ಸ್ಥಾನವನ್ನು, ಆ ಪರ್ವತದ ಸ್ವರೂಪವನ್ನು ತಿಳಿದು ಆಲೋಚಿಸಿದವರು ವಿರಳ.

ತುಳುನಾಡಿನವರಿಗೆ ಮಳೆ ಗೊತ್ತು, ಸೆಕೆ ಗೊತ್ತು. ವರ್ಷಕ್ಕೆ ಸುಮಾರು 4000 ಮಿಲಿಮೀಟರಿನಷ್ಟು ಮಳೆ ಸುರಿಯುವ ಈ ನೆಲದಲ್ಲಿ ಚಳಿಯೆಂಬುದು ಪುಷ್ಯಮಾಸದ ಒಂದು ಕಂಬಳಿಗೆ ತೀರುವ ಮಾತು. ಕಾರ್ಕಳದ ಮೂಡಣದ ಕುದುರೆಮುಖವೇ ಇಲ್ಲಿಯವರ ಕಣ್ಣಿಗೆ ಪರ್ವತರಾಜ. ಅದರ ಎತ್ತರ ಸುಮಾರು 1890 ಮೀಟರು. ಬದರಿಯ ದೇವಾಲಯವಿರುವ ಕಣಿವೆಯ ತಳವೇ 3100 ಮೀಟರು! ನರ, ನಾರಾಯಣ ಪರ್ವತಗಳ ನಡುವೆ ಅಲಕನಂದೆ ಹರಿಯುತ್ತದೆ. ಗುಡಿಯ ಹಿಂದೆ, ಪಡುವಲಿಗೆ, ನೀಲಕಂಠ ಶಿಖರವು 6596 ಮೀಟರಿಗೆ ಏರಿ ನಿಂತಿದೆ; ಮೂರೂವರೆ ಕುದುರೆಮುಖಗಳನ್ನು ಒಂದರ ಮೇಲೊಂದಿರಿಸಿದರೆ ಅದನ್ನು ಮುಟ್ಟಬಹುದು. ಅದಕ್ಕೂ ಹಿಂದೆ ನಾಲ್ಕು ತಲೆಗಳ ಚೌಖಂಬಾ, 7138 ಮೀಟರು.

ಸಾವಿರ ಮೀಟರು ಏರಿದಂತೆ ಶಾಖವು ಸಾಮಾನ್ಯವಾಗಿ ಆರು ಡಿಗ್ರಿಯಷ್ಟು ಇಳಿಯುತ್ತದೆ, ವಾಯುವೂ ವಿರಳವಾಗುತ್ತದೆ. ಬದರಿಯಲ್ಲಿ ಉಸಿರಿಗೊದಗುವ ಪ್ರಾಣವಾಯು ಕಡಲ ದಂಡೆಯ ಮೂರರಲ್ಲಿ ಎರಡು ಪಾಲಿಗಿಂತ ತುಸು ಹೆಚ್ಚು. 5500 ಮೀಟರಿನಲ್ಲಿ ಅರ್ಧ. ಕಣಿವೆಯಲ್ಲಿ ಭೂರ್ಜವೃಕ್ಷಗಳು ಮುಗಿದ ಮೇಲೆ ಹುಲ್ಲುಗಾವಲು, ಹುಲ್ಲು ಮುಗಿದ ಮೇಲೆ ಕಲ್ಲು, ಕಲ್ಲಿನಾಚೆ ಸತೋಪಂಥ, ಭಗೀರಥ ಖರಕ್ ಎಂಬ ಹಿಮನದಿಗಳು. ಅಲಕನಂದೆಯ ಹುಟ್ಟು ಅಲ್ಲಿಯೇ. ವೈಶಾಖದ ಹೊತ್ತಿಗೆ ತೆರೆಯುವ ಗುಡಿಯ ಬಾಗಿಲು ಕಾರ್ತಿಕದ ಸುಮಾರಿಗೆ ಮುಚ್ಚುತ್ತದೆ; ಅನಂತರ ಆರು ತಿಂಗಳು ಹಿಮದ ರಾಜ್ಯ.

ದಕ್ಷಿಣದಲ್ಲಿ ರಾಮೇಶ್ವರದವರೆಗೆ ಸಂಚರಿಸಿ ವಾದಗಳನ್ನು ನಡೆಸಿ ಬಂದಿದ್ದ ಆಚಾರ್ಯರು ಗೀತಾಭಾಷ್ಯವನ್ನು ರಚಿಸಿ, ಅದನ್ನು ಸಮರ್ಪಿಸಲೆಂದು ಬದರಿಗೆ ನಡೆದರು. ಅವರ ಚರಿತ್ರೆಗೆ ಮುಖ್ಯ ಆಧಾರವು ನಾರಾಯಣ ಪಂಡಿತಾಚಾರ್ಯರ ಸುಮಧ್ವವಿಜಯ. ಅದರಂತೆ ಆಚಾರ್ಯರು ಅಲ್ಲಿ ನಾಲ್ವತ್ತೆಂಟು ದಿನ ಮೌನದಿಂದ ಉಪವಾಸವಿದ್ದರು. ಇತರರು ಮುಟ್ಟಲಂಜುವ ಗಂಗೆಯಲ್ಲಿ ನಸುಕಿಗೇ ಮೀಯುತ್ತಿದ್ದರು. ಗುಡಿಯ ಬಳಿಯಲ್ಲಿಯೇ ತಪ್ತಕುಂಡದ ಬಿಸಿನೀರು ಇರುವಾಗ ಹೊಳೆಗಿಳಿದುದು ವ್ರತನಿಷ್ಠೆಯೇ ಸರಿ. ಅನಂತರ ವೇದವ್ಯಾಸರ ಕರೆಯಾಯಿತೆಂದು, ಮೌನಿಗಳಾದುದರಿಂದ ಬರಹದ ಮೂಲಕವೇ ಶಿಷ್ಯರಿಗೆ ತಿಳಿಸಿ, ಉತ್ತರಬದರಿಗೆ ಒಬ್ಬರೇ ಹೊರಟರು. ಮರಳಿ ಬರುವ ಭರವಸೆಯನ್ನು ಆ ಬರಹವು ಕೊಡಲಿಲ್ಲ.

ಶಿಷ್ಯ ಸತ್ಯತೀರ್ಥರು ಅದನ್ನು ಸಹಿಸಲಾರದೆ ಬೆನ್ನಟ್ಟಿದರು. ಹಗಲೆಲ್ಲ ನಡೆದರೂ ಗುರುಗಳು ಕೈಗೆಟುಕಲಿಲ್ಲ; ಬಂಡೆಯಿಂದ ಬಂಡೆಗೆ ಹಾರಿ ದೂರವಾಗುತ್ತಲೇ ಇದ್ದರು. ಕೊನೆಗೆ ಗುರುಗಳ ಕೈಸನ್ನೆಯಿಂದಲೇ ಶಿಷ್ಯರು ಕ್ಷಣದಲ್ಲಿ ಹಿಂದಿರುಗಿದರೆಂದು ಕಾವ್ಯವು ಹೇಳುತ್ತದೆ. ಕವಿಯ ಅಲಂಕಾರವನ್ನು ಬದಿಗಿರಿಸಿದರೂ ಆ ದಾರಿಯನ್ನು ಬಲ್ಲವರಿಗೆ ಇದು ಬರಿಯ ಕಲ್ಪನೆಯೆನಿಸದು. ಸಡಿಲ ಕಲ್ಲುಗಳ ರಾಶಿ, ಹಿಮನದಿಯ ಬಿರುಕುಗಳು, ಸಂಜೆಗೆ ಏಕಾಏಕಿ ಎರಗುವ ಶೀತ, ಏದುಸಿರು. ಕಡಲ ಸೀಮೆಯ ಯತಿಯೊಬ್ಬರು ಅಲ್ಲಿಂದ ಹಿಂದಿರುಗಿದುದರಲ್ಲಿ ಅವಮಾನವಿಲ್ಲ.

ಹಿಮದ ನಡುವೆಯೂ ಮಳೆಬಿಸಿಲುಗಳ ಬಾಧೆಯಿಲ್ಲದ ವ್ಯಾಸಾಶ್ರಮವನ್ನು ಕಾವ್ಯವು ವರ್ಣಿಸುತ್ತದೆ. ಅದು ಎಲ್ಲಿದೆಯೆಂದು ಭೂಪಟದಲ್ಲಿ ಹುಡುಕುವುದು ವ್ಯರ್ಥ. ಆದರೆ ಅಲ್ಲಿಂದ ಇಳಿದು ಬಂದ ಆಚಾರ್ಯರು ಬ್ರಹ್ಮಸೂತ್ರಭಾಷ್ಯವನ್ನು ರಚಿಸಿದರು. ಅದನ್ನು ಬರೆದುಕೊಂಡವರು ಅದೇ ಸತ್ಯತೀರ್ಥರು. ತಮಗೆ ಏರಲಾಗದ ಎತ್ತರದಿಂದ ಬಂದ ಮಾತನ್ನು ಅವರು ಓಲೆಗಿಳಿಸಿದರು.

ಬದರಿಯ ಬೆನ್ನಿನ ಇದೇ ಶಿಖರಸ್ತೋಮದ ಮತ್ತೊಂದು ಮಗ್ಗುಲಲ್ಲಿ ಕೇದಾರವಿದೆ. ಊಖೀಮಠದಲ್ಲಿ ಹಿಮವತ್ಕೇದಾರ ಪೀಠವಿದ್ದು, ಕೇದಾರನಾಥನ ಪೂಜೆಯನ್ನು ಇಂದಿಗೂ ಕನ್ನಡನಾಡಿನ ವೀರಶೈವ ಜಂಗಮರೇ ನಡೆಸಿಕೊಂಡು ಬಂದಿದ್ದಾರೆ. ಹಿಂದೆ ಒಬ್ಬನೇ ಅರ್ಚಕನು ಒಂದೇ ದಿನದಲ್ಲಿ ಎರಡೂ ಗುಡಿಗಳಲ್ಲಿ ಪೂಜೆ ಸಲ್ಲಿಸುತ್ತಿದ್ದನೆಂಬ ಐತಿಹ್ಯ ಅಲ್ಲಿದೆ. 1934ರಲ್ಲಿ ಶಿಪ್ಟನ್, ಟಿಲ್ಮನ್ ಎಂಬ ಆಂಗ್ಲ ಪರ್ವತಾರೋಹಿಗಳು ಸತೋಪಂಥದ ಕಡೆಯಿಂದ ಬೆಟ್ಟದ ಏಣನ್ನು ದಾಟಿ ಕೇದಾರದ ಮಗ್ಗುಲಿಗೆ ಇಳಿದರು. ದಟ್ಟವಾದ ಬಿದಿರುಮೆಳೆಯಲ್ಲಿ ದಿನಗಟ್ಟಲೆ ಸಿಲುಕಿ, ಕಳಲೆ ತಿಂದು ಬದುಕಿದರು. ಒಂದೇ ದಿನದ ಪೂಜೆಯ ಮಾತು ಇದರಿಂದ ಅಸಾಧ್ಯವೆಂದು ತೋರಿತು. ಆದರೂ ಕೇದಾರಕ್ಕೂ ಬದರಿಗೂ ನೆಟ್ಟಗಿನ ದೂರ ಸುಮಾರು 40 ಕಿಲೋಮೀಟರು ಮಾತ್ರ. ಸುತ್ತಿನ ದಾರಿಯೋ 200ಕ್ಕೂ ಮಿಕ್ಕದ್ದು.

ಆಚಾರ್ಯರು ಮತ್ತೊಮ್ಮೆ ಬದರಿಗೆ ಹೋದರು. ದೋಣಿಗಳಿಲ್ಲದ ಗಂಗೆಯನ್ನು ಶಿಷ್ಯರೊಡನೆ ದಾಟಿ, ಆಚೆ ದಡದ ತುರುಕ ಅರಸನೊಡನೆ ಅವನ ಭಾಷೆಯಲ್ಲಿಯೇ ಮಾತನಾಡಿದರೆಂದು ಚರಿತ್ರೆ ಹೇಳುತ್ತದೆ. ಉಡುಪಿಯ ಕೃಷ್ಣಪ್ರತಿಷ್ಠೆ, ಅಷ್ಟಮಠಗಳ ಯತಿಪರಂಪರೆ ಮೊದಲಾದುವು ಸರ್ವವಿದಿತ.

1317ರ ಮಾಘ ಶುಕ್ಲ ನವಮಿಯಂದು ಉಡುಪಿಯ ಅನಂತೇಶ್ವರ ದೇವಾಲಯದಲ್ಲಿ ಪಾಠ ಹೇಳುತ್ತಿದ್ದಂತೆಯೇ ಆಚಾರ್ಯರು ಕಣ್ಮರೆಯಾಗಿ ಬದರಿಗೆ ತೆರಳಿದರೆಂದು ಭಕ್ತರ ನಂಬಿಕೆ. ಆ ದಿನವನ್ನು ಇಂದಿಗೂ ಮಧ್ವನವಮಿಯೆಂದು ಆಚರಿಸುತ್ತಾರೆ. ಉಡುಪಿಯಲ್ಲಿ ಆಗ ಚಳಿ ಕಳೆದು ಬಿಸಿಲು ಏರುವ ಹೊತ್ತು. ಬದರಿಯಲ್ಲಿ ಗುಡಿಯ ಬಾಗಿಲು ಮುಚ್ಚಿರುತ್ತದೆ, ಮಾಣಾ ಗ್ರಾಮದವರೆಲ್ಲ ತಗ್ಗಿನ ಊರುಗಳಿಗೆ ಇಳಿದಿರುತ್ತಾರೆ, ದಾರಿಗಳು ಹಿಮದಡಿಯಲ್ಲಿ ಹುದುಗಿರುತ್ತವೆ.