ರಟ್ಟಿನ ತೂತು ಮತ್ತು ಜಕಾರ್ಡ್

ಬೇಸಿಗೆ ರಜೆಯಲ್ಲಿ ನಾನು ಕೊಳ್ಳೇಗಾಲದ ಮಾವನ ಮನೆಗೆ ಹೋಗಿದ್ದೆ. ಮಾವ ರೇಷ್ಮೆ ಸೀರೆ ನೇಯುತ್ತಾರೆ. ಮಗ್ಗದ ನೆತ್ತಿಯಲ್ಲಿ ತೂತು ತೂತಾದ ರಟ್ಟಿನ ಮಾಲೆ ತೂಗಾಡುತ್ತಿತ್ತು. ಏನೆಂದು ಕೇಳಿದ್ದಕ್ಕೆ ಜಕಾರ್ಡು ಎಂದರು. ಯಂತ್ರದ ಹೆಸರಿರಬೇಕು ಅಂದುಕೊಂಡೆ. ಅದೊಬ್ಬ ಮನುಷ್ಯನ ಹೆಸರೆಂದು ಆಮೇಲೆ ಓದಿ ತಿಳಿಯಿತು.

ಜೋಸೆಫ್ ಮೇರಿ ಜಕಾರ್ಡ್ 1752ರ ಜುಲೈ 7ರಂದು ಫ್ರಾನ್ಸಿನ ಲಿಯಾನ್ ನಗರದಲ್ಲಿ ಜನಿಸಿದರು. ಅದೂ ಕೊಳ್ಳೇಗಾಲದ ಹಾಗೆ ರೇಷ್ಮೆ ನೇಯುವ ಊರೇ. ತಂದೆ ನೇಕಾರರು. ಆಗ ಹೂವಿನ ಚಿತ್ರ ನೇಯಲು ಮಗ್ಗಕ್ಕೆ ಇಬ್ಬರು ಬೇಕಿತ್ತು. ನೇಕಾರ ಲಾಳಿ ಓಡಿಸಿದರೆ, ಒಬ್ಬ ಹುಡುಗ ಪ್ರತಿ ಸಲವೂ ಬೇಕಾದ ದಾರಗಳನ್ನು ಎಳೆದು ಹಿಡಿಯಬೇಕು. ಇಡೀ ದಿನ ಅದೇ ಕೆಲಸ! ಓದುವಾಗಲೇ ನನ್ನ ತೋಳು ನೋಯ್ದಂಗಾಯ್ತು.

ತಂದೆ ಬಿಟ್ಟುಹೋದ ಆಸ್ತಿಯೆಲ್ಲ ಸಾಲಕ್ಕೆ ಹೋಯಿತು. ಕ್ರಾಂತಿಯ ಕಾಲದ ಯುದ್ಧದಲ್ಲಿ ಮಗನೂ ತೀರಿಕೊಂಡ. ಆದರೂ ಜಕಾರ್ಡರು ಮಗ್ಗದ ಯೋಚನೆ ಬಿಡಲಿಲ್ಲ. 1804ರ ಹೊತ್ತಿಗೆ ಅವರ ಯಂತ್ರ ಸಿದ್ಧವಾಯಿತು. ತೂತಿನ ಉಪಾಯ ಅವರದೇ ಅಲ್ಲ, ಬುಶೋನ್ ಎಂಬವರು 1725ರಲ್ಲೇ ಮಾಡಿದ್ದರು. ಅದು ಚೆನ್ನಾಗಿ ನಡೆಯುವ ಹಾಗೆ ಮಾಡಿದ್ದು ಇವರು.

ರಟ್ಟಿನಲ್ಲಿ ತೂತಿದ್ದರೆ ಸೂಜಿ ಒಳಹೋಗುತ್ತದೆ, ಅದರ ಎಳೆ ಮೇಲೇಳುತ್ತದೆ. ತೂತಿಲ್ಲದಿದ್ದರೆ ರಟ್ಟು ಸೂಜಿಯನ್ನು ತಳ್ಳುತ್ತದೆ, ಎಳೆ ಕೆಳಗೇ ಉಳಿಯುತ್ತದೆ. ಒಂದು ಹೊಕ್ಕಿಗೆ ಒಂದು ರಟ್ಟು. ಬೇರೆ ಹೂವು ಬೇಕೆ? ಮಾಲೆ ಬದಲಿಸಿದರಾಯ್ತು.

ಲಿಯಾನಿನ ಕೆಲಸಗಾರರು ಸಿಟ್ಟಿಗೆದ್ದು ಆ ಯಂತ್ರವನ್ನು ನಾಶಮಾಡಿದರು. ದಾರ ಎಳೆಯುವವರ ಕೂಲಿ ಹೋಗುತ್ತಿತ್ತಲ್ಲ! ಅವರನ್ನು ದಡ್ಡರು ಅನ್ನಲು ನನಗೆ ಮನಸ್ಸಿಲ್ಲ. ಆದರೆ ನೆಪೋಲಿಯನ್ ಚಕ್ರವರ್ತಿ ಜಕಾರ್ಡರಿಗೆ ಪಿಂಚಣಿ ಕೊಟ್ಟನು. 1812ರ ಹೊತ್ತಿಗೆ ಫ್ರಾನ್ಸಿನಲ್ಲಿ ಇಂಥ ಮಗ್ಗಗಳು ಸುಮಾರು 11 ಸಾವಿರ ಆಗಿದ್ದವು. 1834ರ ಆಗಸ್ಟ್ 7ರಂದು ಅವರು ನಿಧನರಾದರು.

ತೂತು ಮಾತ್ರ ನಿಲ್ಲಲಿಲ್ಲ. 1952ರಲ್ಲಿ ಅಮೆರಿಕದ ಎಂ.ಐ.ಟಿ.ಯಲ್ಲಿ ತೂತು ಹಾಕಿದ ಕಾಗದದ ಪಟ್ಟಿಯೇ ಕಬ್ಬಿಣ ಕೊರೆಯುವ ಯಂತ್ರಕ್ಕೆ ಎಷ್ಟು ಸರಿಯಬೇಕೆಂದು ಹೇಳಿತು. ಆ ಪಟ್ಟಿಯ ಜಾಗಕ್ಕೆ ಕಂಪ್ಯೂಟರ್ ಬಂದು ಸಿ.ಎನ್.ಸಿ. ಆಯಿತು. ನಮ್ಮಣ್ಣ ಐ.ಟಿ.ಐ. ಓದಿ ಬೆಂಗಳೂರಿನಲ್ಲಿ ಸಿ.ಎನ್.ಸಿ. ಲೇತ್ ನಡೆಸುತ್ತಾನೆ. ಅವನು ಕೈಯಲ್ಲಿ ಉಳಿ ಹಿಡಿಯುವುದಿಲ್ಲ, ಅಂಕಿ ಬರೆಯುತ್ತಾನೆ.

ಈಗ ರಟ್ಟೇ ಬೇಡದ, ಕಂಪ್ಯೂಟರಿನಿಂದ ನಡೆಯುವ ಜಕಾರ್ಡೂ ಇದೆ. ಅದರಿಂದ ಅಣ್ಣನಂಥವರಿಗೆ ಕೆಲಸ ಸಿಕ್ಕೀತು. ಮಾವನಿಗೆ ರಟ್ಟು ತೂತು ಮಾಡಿಕೊಡುವ ಅಜ್ಜ ಏನು ಮಾಡಬೇಕು? ಕೇಳಿದರೆ ಮಾವ ಸುಮ್ಮನೆ ಲಾಳಿ ಓಡಿಸಿದರು.

ಅವರು ಕೊಟ್ಟ ಹಳೇ ರಟ್ಟೊಂದನ್ನು ಈ ಪತ್ರಿಕೆಯ ಕೆಳಗೆ ದಾರದಲ್ಲಿ ಕಟ್ಟಿದ್ದೇನೆ. ಬೆಳಕಿಗೆ ಹಿಡಿದು ನೋಡಿ, ಮಡಚಬೇಡಿ.